ಕುರ್ಚಿಯೋ, ಕಾರೋ, ಪೆಟ್ಟಿಗೆಯೋ: ಮಲೆನಾಡಿನ ಕಥೆಗೆ ಯಾವ ಕಾಲಯಂತ್ರ?

ನಮ್ಮದು ಸಾಗರ ತಾಲ್ಲೂಕಿನಲ್ಲಿ ಶರಾವತಿ ಹಿನ್ನೀರಿನ ಅಂಚಿನ ಊರು. ಹೋದ ಸಲ ಶಾಲೆಯ ವಾರ್ಷಿಕೋತ್ಸವಕ್ಕೆ ಮಕ್ಕಳು ಕಾಲಯಂತ್ರದ ನಾಟಕವೇ ಆಗಬೇಕು ಅಂತ ಹಟ ಹಿಡಿದರು. ಕಥೆ ಅವರದ್ದೇ. ಒಬ್ಬಳು ಹುಡುಗಿಗೆ ಅಜ್ಜಿ ಹುಟ್ಟಿದ ಮನೆ ನೋಡುವ ಆಸೆ. ಆ ಮನೆ ಲಿಂಗನಮಕ್ಕಿ ಮುಳುಗಡೆಯಲ್ಲಿ ಹೋಗಿದೆ. ಹುಡುಗಿ ಯಂತ್ರ ಹತ್ತಿ ಅಣೆಕಟ್ಟು ಬರುವ ಮೊದಲಿನ ಕಾಲಕ್ಕೆ ಹೋಗುತ್ತಾಳೆ, ಅಂಗಳದಲ್ಲಿ ಕೂತು ಕೊಟ್ಟೆ ಕಡುಬು ತಿನ್ನುತ್ತಾಳೆ, ವಾಪಸ್ ಬರುತ್ತಾಳೆ. ಅಷ್ಟೇ.

ಬರೆಯುವ ಕೆಲಸ ನನ್ನ ತಲೆಗೆ ಬಂತು. ಮಾತು ಬರೆಯೋದು ಎರಡು ಸಂಜೆಯಲ್ಲಿ ಮುಗಿಯಿತು. ಯಂತ್ರ ಎಂಥದ್ದಿರಬೇಕು ಅನ್ನೋ ಜಗಳ ಮಾತ್ರ ಹದಿನೈದು ದಿನ ನಡೆಯಿತು. ಆ ಜಗಳದಲ್ಲಿ ತಿಳಿದದ್ದನ್ನು ಇಲ್ಲಿ ಹಾಕುತ್ತಿದ್ದೇನೆ. ನೀವೂ ಕಥೆ, ನಾಟಕ, ಕಿರುಚಿತ್ರ ಅಂತ ಏನಾದರೂ ಮಾಡುತ್ತಿದ್ದರೆ, ಅದರಲ್ಲೂ ಶಿವಮೊಗ್ಗದ ಕಡೆಯವರಾದರೆ, ಉಪಯೋಗಕ್ಕೆ ಬರಬಹುದು.

ಮೊದಲೇ ಒಂದು ಮಾತು. ಕಾಲಯಂತ್ರ ಅಂದ ಕೂಡಲೇ ಎಲ್ಲರೂ ಕೇಳೋದು ಯಾವ ಇಸವಿಗೆ ಹೋಗುತ್ತೆ ಅಂತ. ನಮ್ಮ ಕಡೆ ಅದಕ್ಕೂ ಮೊದಲು ಕೇಳಬೇಕಾದ್ದು, ಹೋದಾಗ ಯಾವ ಜಾಗದಲ್ಲಿ ಇಳಿಸುತ್ತೆ ಅಂತ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಬಂದ ಮೇಲೆ ಇಲ್ಲಿ ಗದ್ದೆ ಇದ್ದಲ್ಲಿ ನೀರು, ಗುಡ್ಡ ಇದ್ದಲ್ಲಿ ನಡುಗಡ್ಡೆ. ಇಸವಿ ತಪ್ಪಿದರೆ ಕಥೆ ಸ್ವಲ್ಪ ಆಚೀಚೆ ಆಗುತ್ತೆ. ಜಾಗ ತಪ್ಪಿದರೆ ಕಥಾನಾಯಕಿ ಮುಳುಗಿಯೇ ಹೋಗುತ್ತಾಳೆ.

ಕುರ್ಚಿ

ಕಾಲಯಂತ್ರಗಳಲ್ಲಿ ಹಳೆಯ ಹೆಸರು ಇದರದ್ದೇ. ಎಚ್.ಜಿ. ವೆಲ್ಸ್ 1895ರಲ್ಲಿ ಬರೆದ ಕಾದಂಬರಿಯಲ್ಲಿ ಬರುವುದು ಈ ಮಾದರಿ. ಕೂರಲು ಒಂದು ಜೀನು, ಎದುರಿಗೆ ಎರಡು ಹಿಡಿಕೆ, ನಾಲ್ಕು ಮುಳ್ಳಿನ ಫಲಕ. ಒಂದು ಹಿಡಿಕೆ ಮುಂದಕ್ಕೆ ಒಯ್ಯುತ್ತೆ, ಇನ್ನೊಂದು ಹಿಂದಕ್ಕೆ. ಯಂತ್ರ ಇಟ್ಟ ಜಾಗ ಬಿಟ್ಟು ಕದಲುವುದಿಲ್ಲ. ಕಾಲ ಮಾತ್ರ ಓಡುತ್ತೆ.

ನಾವು ಮೊದಲು ಆರಿಸಿದ್ದು ಇದನ್ನೇ. ಕಾರಣ ಬಡತನ. ಹರಿದ ಆರಾಮ ಕುರ್ಚಿ ಒಂದಿತ್ತು. ಎರಡು ಸೈಕಲ್ ಚಕ್ರ, ನಾಲ್ಕು ಅಡಿಕೆ ದಬ್ಬೆ, ಪವರ್ ಟಿಲ್ಲರಿನ ಹಳೇ ಗೇರು ಕಡ್ಡಿ ಎರಡು. ಬಣ್ಣಕ್ಕೆ ಚೊಗರು, ಅಂದರೆ ಅಡಿಕೆ ಬೇಯಿಸಿದ ಕೆಂಪು ರಸ, ಬಳಿದೆವು. ಚೊಗರಿನ ಕೆಂಪು ಮರಕ್ಕೆ ಹತ್ತಿದರೆ ಹಿತ್ತಾಳೆ ಥರ ಕಾಣುತ್ತೆ, ದೂರದಿಂದ. ಹತ್ತಿರದಿಂದ ನೋಡಿದರೆ ಅಡಿಕೆ ಬೇಯಿಸಿದ ಹಂಡೆಯ ಥರ ಕಾಣುತ್ತೆ.

ಜಾಗ ಕದಲದ ಯಂತ್ರ ನಮ್ಮ ಕಥೆಗೆ ಹೇಗೆ ಹೊಂದುತ್ತೆ ನೋಡಿ. ಹುಡುಗಿ ಈಗಿನ ದಡದ ಮೇಲೆ ಕುರ್ಚಿ ಇಟ್ಟು 1950ಕ್ಕೆ ಹೋಗುತ್ತಾಳೆ ಅಂದುಕೊಳ್ಳಿ. ಆಗ ಅದು ದಡ ಅಲ್ಲ, ಗುಡ್ಡದ ಓರೆ. ಎದುರಿಗೆ ನೀರಿಲ್ಲ, ಕಣಿವೆ ಇದೆ. ಕೆಳಗೆ ತೋಟ, ಗದ್ದೆ, ಎಲ್ಲೋ ಶರಾವತಿ ಹೊಳೆ. ಅಜ್ಜಿ ಮನೆಗೆ ಅರ್ಧ ಮೈಲಿ ಇಳಿದು ಹೋಗಬೇಕು. ನೋಡಿ, ಇಲ್ಲೇ ಒಂದು ಒಳ್ಳೆ ದೃಶ್ಯ ಸಿಕ್ಕಿತು. ಯಂತ್ರವನ್ನು ಗುಡ್ಡದ ಮೇಲೆ ಬಿಟ್ಟು ನಡೆದು ಇಳಿಯುವ ಹುಡುಗಿ. ತಾನು ಇಳಿಯುತ್ತಿರುವ ದಾರಿಯೆಲ್ಲ ಮುಂದೆ ನೀರಾಗುತ್ತೆ ಅಂತ ಅವಳಿಗೊಬ್ಬಳಿಗೇ ಗೊತ್ತು.

ಆದರೆ ವೆಲ್ಸ್ ಕಥೆಯಲ್ಲಿ ಒಂದು ಸಣ್ಣ ಸಂಗತಿ ಇದೆ. ತುಂಬಾ ಜನ ಅದನ್ನು ಮರೆತಿರುತ್ತಾರೆ. ಭವಿಷ್ಯದಲ್ಲಿ ಕಥಾನಾಯಕನ ಯಂತ್ರವನ್ನು ಅಲ್ಲಿನವರು ಎಳೆದುಕೊಂಡು ಹೋಗಿ ಒಂದು ವಿಗ್ರಹದ ಪೀಠದೊಳಗೆ ಇಟ್ಟುಬಿಡುತ್ತಾರೆ. ಅವನು ಅಲ್ಲಿಂದಲೇ ಹೊರಟು ಮನೆಗೆ ಬಂದಾಗ ಯಂತ್ರ ತನ್ನ ಕೋಣೆಯ ಮೊದಲಿನ ಮೂಲೆಯಲ್ಲಿರುವುದಿಲ್ಲ, ಎದುರು ಮೂಲೆಯಲ್ಲಿರುತ್ತೆ. ಎಷ್ಟು ದೂರ ಎಳೆದಿದ್ದರೋ ಅಷ್ಟೇ ದೂರ. ಲಂಡನ್ನಿನ ಕಡೆ ಇದು ತಮಾಷೆ. ನಮ್ಮ ಕಡೆ ಲೆಕ್ಕ ಹಾಕಿ. 1950ರಲ್ಲಿ ಅಜ್ಜಿಯ ಮನೆಯವರು ಮಳೆ ಬಂತು ಅಂತ ಕುರ್ಚಿಯನ್ನು ಹೊತ್ತು ತಂದು ಚಾವಡಿಯಲ್ಲಿ ಇಟ್ಟರು. ಹುಡುಗಿ ಅಲ್ಲೇ ಕೂತು ಹಿಡಿಕೆ ಎಳೆದಳು. ಎಲ್ಲಿ ಬಂದು ಮುಟ್ಟುತ್ತಾಳೆ? ಹಿನ್ನೀರಿನ ತಳದಲ್ಲಿ.

ಇದನ್ನು ಮೊದಲು ಕಂಡುಹಿಡಿದವನು ಏಳನೇ ಕ್ಲಾಸಿನ ಒಬ್ಬ ಹುಡುಗ. ಉಪಕಾರ ಮಾಡಲು ಹೋಗಿ ಕೊಲ್ಲುವುದು ಅಂದರೆ ಇದೇ ಅಲ್ವಾ ಅಂದ. ನಾಟಕದ ಅರ್ಧ ಭಾಗ ಅವನ ಆ ಒಂದು ಮಾತಿನಿಂದ ಹುಟ್ಟಿತು.

ಅದೇ ಹುಡುಗ ಇನ್ನೊಂದು ಪ್ರಶ್ನೆ ಕೇಳಿ ತಲೆ ಕೆಡಿಸಿದ. ಭೂಮಿ ಸೂರ್ಯನ ಸುತ್ತ ಸೆಕೆಂಡಿಗೆ ಸುಮಾರು 30 ಕಿ.ಮೀ. ಓಡುತ್ತಿದೆ. ಆರು ತಿಂಗಳು ಹಿಂದೆ ಹೋದರೆ ಭೂಮಿ ಸುಮಾರು 30 ಕೋಟಿ ಕಿ.ಮೀ. ಆಚೆ ಇತ್ತು. ಹಾಗಾದರೆ 'ಅದೇ ಜಾಗ' ಅಂದರೆ ಯಾವುದು ಸಾರ್? ನನ್ನ ಹತ್ತಿರ ಉತ್ತರ ಇರಲಿಲ್ಲ. ಕಥೆ ಬರೆಯುವವರು ಭೂಮಿಗೆ ಯಂತ್ರವನ್ನು ಅಂಟಿಸಿಕೊಂಡೇ ಬರೆಯುತ್ತಾರೆ, ಸುಮ್ನೆ ಹಾಗೇ ಬಿಡು ಅಂದೆ.

ನೆಲ ಕದಲದ ಕಡೆ ಮಾತ್ರ ಕುರ್ಚಿಗಿಂತ ಒಳ್ಳೆಯದಿಲ್ಲ. ನಗರ ಅನ್ನೋ ಊರಿನ ಕೋಟೆಗೆ ಒಯ್ದು ಇಡಿ. ಅದು ಆಗಿನ ಬಿದನೂರು. 1763ರಲ್ಲಿ ಹೈದರಾಲಿ ಹಿಡಿದ ಊರು. 90 ವರ್ಷ ಇನ್ನೂ ಹಿಂದೆ ಹೋದರೆ ಕೆಳದಿ ಚೆನ್ನಮ್ಮನ ಆಳ್ವಿಕೆ. ಕೋಟೆ ಅಲ್ಲೇ ಇರುತ್ತೆ, ಗುಡ್ಡ ಅಲ್ಲೇ ಇರುತ್ತೆ. ಇಕ್ಕೇರಿಯ ದೇವಸ್ಥಾನದ ಎದುರಿನ ಬಯಲಾದರೂ ಆಯಿತು. ಶಿಕಾರಿಪುರದ ಹತ್ತಿರ ತಾಳಗುಂದಕ್ಕೆ ಹೋಗುವುದಾದರೆ ಒಂದೇ ಎಚ್ಚರ. ಅಲ್ಲಿ ಕದಂಬರ ಕಾಲದ ಶಾಸನದ ಕಂಬ ನಿಂತಿದೆ, 5ನೇ ಶತಮಾನದ್ದು. ಕಂಬ ನಿಲ್ಲುವ ಮೊದಲಿನ ದಿನಕ್ಕೆ ಹೋದರೆ, ಅದು ನಿಲ್ಲಬೇಕಾದ ಜಾಗದಲ್ಲಿ ಕುರ್ಚಿ ನಿಲ್ಲಿಸಬೇಡಿ. ಒಂದೇ ಜಾಗದಲ್ಲಿ ಎರಡು ವಸ್ತು ಬಂದರೆ ಸ್ಫೋಟ ಆದೀತು ಅಂತ ವೆಲ್ಸ್ ಕಥೆಯವನಿಗೂ ಭಯ ಇತ್ತು.

ಜೋಗಕ್ಕಂತೂ ಕುರ್ಚಿಯೇ ಸರಿ. ರಾಜ, ರಾಣಿ, ರೋರರ್, ರಾಕೆಟ್ ನಾಲ್ಕೂ 253 ಮೀಟರಿನಿಂದ ಯಾರ ಅಪ್ಪಣೆಯೂ ಇಲ್ಲದೆ ಬೀಳುತ್ತಿದ್ದದ್ದನ್ನು ನೋಡಬೇಕಾದರೆ ವಿದ್ಯುತ್ ಕೇಂದ್ರಕ್ಕಿಂತ ಹಿಂದೆ, ಅಂದರೆ 1948ಕ್ಕಿಂತ ಸಾಕಷ್ಟು ಮೊದಲು ಹೋಗಿ. ಜುಲೈ ಅಥವಾ ಆಗಸ್ಟ್ ಇರಲಿ. ಮಂಜು ಕವಿದಿದ್ದರೆ ಏನೂ ಕಾಣುವುದಿಲ್ಲ. ಅದಕ್ಕೆ ಯಾವ ಯಂತ್ರದಲ್ಲೂ ಮದ್ದಿಲ್ಲ.

ಕಾರು

ಹುಡುಗರಿಗೆಲ್ಲ ಬೇಕಾಗಿದ್ದು ಇದು. 1985ರ ಅಮೆರಿಕದ 'ಬ್ಯಾಕ್ ಟು ದಿ ಫ್ಯೂಚರ್' ಸಿನಿಮಾದಿಂದ ಮನೆಮಾತಾದ ಮಾದರಿ. ಗಂಟೆಗೆ 88 ಮೈಲಿ ವೇಗ ಮುಟ್ಟಬೇಕು, 1.21 ಗಿಗಾವ್ಯಾಟ್ ವಿದ್ಯುತ್ ಬೇಕು. ಅಷ್ಟಾದರೆ ಕಾರು ಹೇಳಿದ ದಿನಕ್ಕೆ ಹೋಗುತ್ತೆ.

88 ಮೈಲಿ ಅಂದರೆ ಸುಮಾರು 142 ಕಿ.ಮೀ. ನಮ್ಮಲ್ಲಿ ಎಲ್ಲಿ ಓಡಿಸುತ್ತೀರಿ? ಆಗುಂಬೆ ಘಾಟಿಯಲ್ಲಿ 14 ತಿರುವು. ಎರಡನೇ ತಿರುವಿನಲ್ಲೇ ಕಾಲ ಮುಗಿದಿರುತ್ತೆ, ಯಂತ್ರ ಬೇಕಾಗಿಲ್ಲ. ನನಗೆ ಹೊಳೆದ ಒಂದೇ ಜಾಗ ಶಿವಮೊಗ್ಗದ ಸೋಗಾನೆಯ ವಿಮಾನ ನಿಲ್ದಾಣ. ಅಲ್ಲಿ 3.2 ಕಿ.ಮೀ. ರನ್‌ವೇ ಇದೆ. ಆದರೆ ಅದು ಶುರುವಾಗಿದ್ದು 2023ರಲ್ಲಿ. ಈ ಕಾರೂ ಕುರ್ಚಿಯ ಥರವೇ, ಜಾಗ ಬದಲಿಸುವುದಿಲ್ಲ. ಸಿನಿಮಾದಲ್ಲೂ ಮಾಲ್ ಎದುರಿನ ಪಾರ್ಕಿಂಗ್‌ನಿಂದ ಹೊರಟವನು 30 ವರ್ಷ ಹಿಂದೆ ಅಲ್ಲಿದ್ದ ರೈತನ ಕೊಟ್ಟಿಗೆಗೆ ನುಗ್ಗುತ್ತಾನೆ. ಅದೂ ನಿಂತ ಕುರ್ಚಿಯಲ್ಲ, 142ರ ವೇಗದಲ್ಲಿ ಬರುವ ಕಬ್ಬಿಣ. ರನ್‌ವೇ ಇಲ್ಲದ ಕಾಲದ ಸೋಗಾನೆಗೆ ಹಾಗೆ ನುಗ್ಗಿದರೆ ಎದುರಿಗೆ ಏನು ಸಿಗುತ್ತೋ ಅದೇ ಬ್ರೇಕು.

ಇನ್ನು ಕರೆಂಟು. ಇಲ್ಲಿ ನಾನು ಸ್ವಲ್ಪ ಹೊತ್ತು ಕಳೆದೆ, ಯಾಕೆಂದರೆ ಲೆಕ್ಕ ತುಂಬಾ ಚೆನ್ನಾಗಿ ಬಂತು. 1.21 ಗಿಗಾವ್ಯಾಟ್ ಅಂದರೆ 1,210 ಮೆಗಾವ್ಯಾಟ್. ಶರಾವತಿ ವಿದ್ಯುದಾಗಾರದ ಹತ್ತೂ ಘಟಕ ಓಡಿದರೆ 1,035. ಸಾಲದು. ಜೋಗದ ಮಹಾತ್ಮ ಗಾಂಧಿ ಕೇಂದ್ರದ 139.2 ಸೇರಿಸಿ. 1,174.2. ಇನ್ನೂ ಸಾಲದು. ಲಿಂಗನಮಕ್ಕಿ ಅಣೆಕಟ್ಟಿನ ಬುಡದ ಸಣ್ಣ ಕೇಂದ್ರ ಇದೆಯಲ್ಲ, ಅದರ 55 ಸೇರಿಸಿ. ಒಟ್ಟು 1,229.2. ಸಾಕಾಯಿತು! ಮೂರನ್ನೂ ಪೂರ್ತಿ ಬಿಟ್ಟರೆ ಕಾರು ಹೊರಡುತ್ತೆ, ಮೇಲೆ 19 ಮೆಗಾವ್ಯಾಟ್ ಉಳಿಯುತ್ತೆ.

ಇದನ್ನು ಅಜ್ಜಿಯೊಬ್ಬರಿಗೆ ಹೇಳಿದೆ. ಅವರು ನಿಜಕ್ಕೂ ಮುಳುಗಡೆ ಊರಿನವರು, ಮಕ್ಕಳ ಕಥೆಗೆ ಅವರೇ ಮೂಲ. ಅವರು ನಕ್ಕು, 'ಮನೆ ಮುಳುಗಿಸಿ ಮಾಡಿದ ಕರೆಂಟು ಮನೆ ನೋಡೋಕೆ ಪೂರ್ತಿ ಬೇಕಾಯ್ತಾ?' ಅಂದರು. ನಾಟಕದಲ್ಲಿ ಆ ಮಾತು ಹಾಗೇ ಇಟ್ಟೆ.

ಸಿಡಿಲಿನಿಂದ ಓಡಿಸಬಹುದಲ್ಲ ಅಂತ ನೀವು ಕೇಳಬಹುದು. ಸಿನಿಮಾದಲ್ಲಿ ಹಾಗೇ ಮಾಡುತ್ತಾರೆ. ಏಪ್ರಿಲ್, ಮೇ ಸಂಜೆ ನಮ್ಮಲ್ಲಿ ಸಿಡಿಲಿಗೆ ಬರ ಇಲ್ಲ. ಆದರೆ ಅಲ್ಲಿ ಸಿಡಿಲು ಎಷ್ಟು ಗಂಟೆ ಎಷ್ಟು ನಿಮಿಷಕ್ಕೆ ಎಲ್ಲಿ ಬೀಳುತ್ತೆ ಅಂತ ಮೊದಲೇ ಗೊತ್ತಿತ್ತು. ಇಲ್ಲಿ ಯಾವ ತೆಂಗಿನಮರಕ್ಕೆ ಬೀಳುತ್ತೆ ಅಂತ ಯಾರಿಗೆ ಗೊತ್ತು?

ಕಾರಿನ ಇನ್ನೊಂದು ತೊಂದರೆ ತಾರೀಕು. ಅದರ ಫಲಕ ಅಮೆರಿಕದ ಕ್ರಮದಲ್ಲಿದೆ. ತಿಂಗಳು ಮೊದಲು, ದಿನ ಆಮೇಲೆ. ನೀವು ಮೇ 6 ಅಂತ ನಮ್ಮ ಅಭ್ಯಾಸದಲ್ಲಿ 06, 05 ಒತ್ತಿದರೆ ಅದು ಜೂನ್ 5ಕ್ಕೆ ಒಯ್ಯುತ್ತೆ. ಬೇರೆ ಕಡೆ ಒಂದು ತಿಂಗಳು ದೊಡ್ಡ ವಿಷಯ ಅಲ್ಲ. ಮಲೆನಾಡಲ್ಲಿ ಅದು ಒಣ ಹೊಳೆಗೂ ಮಳೆಗಾಲಕ್ಕೂ ಇರುವ ವ್ಯತ್ಯಾಸ.

ಕಾರು ಬೇಡ ಅನ್ನೋದು ನನ್ನ ಅಭಿಪ್ರಾಯ. ಓಟ, ಹೊಗೆ, ಕೊನೇ ಕ್ಷಣದ ಗಾಬರಿ ಬೇಕಾದ ಕಿರುಚಿತ್ರಕ್ಕೆ ಆದೀತು. ಬಯಲುಸೀಮೆಯವರು ಮಾಡಲಿ.

ಪೆಟ್ಟಿಗೆ

1963ರ ನವೆಂಬರ್ 23ರಂದು ಬಿಬಿಸಿ ಟಿವಿಯಲ್ಲಿ ಶುರುವಾದ 'ಡಾಕ್ಟರ್ ಹೂ' ಧಾರಾವಾಹಿಯ ಮಾದರಿ. ಹೊರಗಿನಿಂದ ಲಂಡನ್ನಿನ ನೀಲಿ ಪೊಲೀಸ್ ಪೆಟ್ಟಿಗೆ (ಬೀದಿಯಲ್ಲಿ ಪೊಲೀಸರಿಗೆ ಫೋನ್ ಮಾಡಲು ಇದ್ದ ಗೂಡು), ಒಳಗೆ ಅದಕ್ಕಿಂತ ಎಷ್ಟೋ ದೊಡ್ಡದು. ಮುಖ್ಯವಾಗಿ ಇದು ಕಾಲ, ಜಾಗ ಎರಡನ್ನೂ ಬದಲಿಸುತ್ತೆ. ಸಾಗರದಲ್ಲಿ ಹತ್ತಿ ಬಳ್ಳಿಗಾವಿಯಲ್ಲಿ ಇಳಿಯಬಹುದು. ಅಜ್ಜಿ ಮನೆ ಅಂಗಳದಲ್ಲಿ ಹತ್ತಿ ಒಣ ನೆಲದಲ್ಲಿ ಇಳಿಯಬಹುದು. ನಮ್ಮ ಸಮಸ್ಯೆ ಅಲ್ಲಿಗೆ ಮುಗಿಯಿತು.

ಬಂದ ಊರಿಗೆ ತಕ್ಕ ವೇಷ ಹಾಕಿಕೊಳ್ಳಬೇಕಾದ ಯಂತ್ರ ಅದು. ವೇಷದ ಭಾಗ ಕೆಟ್ಟು ಪೊಲೀಸ್ ಪೆಟ್ಟಿಗೆಯಾಗಿಯೇ ಉಳಿದಿದೆ. ನಮ್ಮಲ್ಲಿ ಕೆಟ್ಟಿದ್ದರೆ ಯಾವ ರೂಪದಲ್ಲಿ ನಿಲ್ಲುತ್ತಿತ್ತು ಅಂತ ಮಕ್ಕಳನ್ನು ಕೇಳಿದೆ. ಬಸ್ ತಂಗುದಾಣ ಅಂದರು ಕೆಲವರು. ಹಿನ್ನೀರು ದಾಟಿಸುವ ಲಾಂಚಿನ ಟಿಕೆಟ್ ಗೂಡು ಅಂದಳು ಒಬ್ಬಳು. ಅದೇ ಆಯಿತು. ಸಿಗಂದೂರಿಗೆ 2025ರಲ್ಲಿ ಸೇತುವೆ ಬಂದ ಮೇಲೆ ಲಾಂಚಿಗೆ ಸಾಲು ನಿಂತದ್ದು ಈಗಲೇ ಹಳೇ ಕಥೆ ಅನ್ನಿಸುತ್ತೆ.

ರಂಗಕ್ಕೂ ಇದೇ ಅಗ್ಗ. ಬಾಗಿಲಿರುವ ಒಂದು ಪೆಟ್ಟಿಗೆ ಇದ್ದರೆ ಸಾಕು. ಒಳಗಿನ ದೊಡ್ಡ ಕೋಣೆ ತೋರಿಸಬೇಕಿಲ್ಲ. ಹೊರಗೆ ಬಂದವರು ಕಣ್ಣರಳಿಸಿದರೆ ನೋಡುವವರಿಗೆ ಅರ್ಥ ಆಗುತ್ತೆ.

ಬರೆಯುವವರಿಗೆ ಒಂದು ಅಪಾಯ ಮಾತ್ರ ಇದೆ. ಎಲ್ಲಿ ಬೇಕಾದರೂ, ಯಾವಾಗ ಬೇಕಾದರೂ ಹೋಗುವ ಯಂತ್ರ ಇದ್ದರೆ ಕಥೆಗೆ ಕಷ್ಟವೇ ಬರುವುದಿಲ್ಲ. ಹಾಗಾಗಿ ಅದಕ್ಕೆ ಒಂದು ಐಬು ಕೊಡಲೇಬೇಕು. ಆ ಧಾರಾವಾಹಿಯಲ್ಲೂ ಪೆಟ್ಟಿಗೆ ಎಷ್ಟೋ ಸಲ ಹೇಳಿದ ಕಡೆ ಹೋಗುವುದಿಲ್ಲ. ನಾವು ಕೊಟ್ಟ ಐಬು ಇದು: ಲಾಂಚಿನ ಥರ ಹೊತ್ತಿಗೆ ಸರಿಯಾಗಿ ಹೊರಡುತ್ತೆ, ಯಾರಿಗೂ ಕಾಯಲ್ಲ.

ಹಾಕಿದ ಗಳಿಗೆಯಿಂದ ಮಾತ್ರ

ವಿಜ್ಞಾನ ಓದಿದವರಿಗೆ ಇಷ್ಟವಾಗುವ ಮಾದರಿ. ಇದರಲ್ಲಿ ಯಂತ್ರದ ಸ್ವಿಚ್ಚು ಹಾಕಿದ ಗಳಿಗೆಗಿಂತ ಹಿಂದೆ ಹೋಗಲು ಆಗದು. ಹುಚ್ಚು ಕಲ್ಪನೆ ಅಲ್ಲ. 1988ರಲ್ಲಿ ಕಿಪ್ ಥಾರ್ನ್ ಮತ್ತು ಇಬ್ಬರು ಭೌತವಿಜ್ಞಾನಿಗಳು ವರ್ಮ್‌ಹೋಲಿನಿಂದ (ಆಕಾಶದ ಎರಡು ಜಾಗಗಳನ್ನು ಜೋಡಿಸುವ ಊಹೆಯ ಸುರಂಗ) ಕಾಲಯಂತ್ರ ಹೇಗಾಗಬಹುದು ಅಂತ ಕಾಗದದ ಮೇಲೆ ಲೆಕ್ಕ ಹಾಕಿದಾಗ ಅದಕ್ಕೂ ಈ ಮಿತಿ ಇತ್ತು. ಭವಿಷ್ಯದವರು ಯಾಕೆ ನಮ್ಮನ್ನು ನೋಡಲು ಬಂದಿಲ್ಲ ಅನ್ನೋದಕ್ಕೂ ಇದೊಂದು ಉತ್ತರ. ಸ್ಟೀಫನ್ ಹಾಕಿಂಗ್ 2009ರ ಜೂನ್ 28ರಂದು ಕಾಲಯಾನಿಗಳಿಗೆ ಅಂತ ಔತಣ ಇಟ್ಟು, ಆಹ್ವಾನ ಪತ್ರಿಕೆಯನ್ನು ಔತಣ ಮುಗಿದ ಮೇಲೆ ಹೊರಗೆ ಬಿಟ್ಟರು. ಯಾರೂ ಬರಲಿಲ್ಲ.

ಈ ಜಾತಿಯಲ್ಲೇ ಇನ್ನೂ ಕಟ್ಟುನಿಟ್ಟಿನದೊಂದಿದೆ. ಆರು ಗಂಟೆ ಹಿಂದೆ ಹೋಗಬೇಕಾದರೆ ಪೆಟ್ಟಿಗೆಯೊಳಗೆ ಆರು ಗಂಟೆ ಕೂರಬೇಕು. ಅಜ್ಜಿಮನೆಗೆ ಇದು ಕೆಲಸಕ್ಕೆ ಬಾರದು. ಇವತ್ತು ಸ್ವಿಚ್ಚು ಹಾಕಿದರೆ 1950 ಎಲ್ಲಿ ಸಿಗುತ್ತೆ? ಆದರೆ ಅಡಿಕೆ ಬೆಳೆಗಾರರಿಗೆ ಇದಕ್ಕಿಂತ ಒಳ್ಳೆ ಯಂತ್ರ ಇಲ್ಲ. ಬೆಳಿಗ್ಗೆ ಸ್ವಿಚ್ಚು ಹಾಕಿ, ಅಂಗಳದಲ್ಲಿ ಬೇಯಿಸಿದ ಅಡಿಕೆ ಹರಡಿ. ಮಧ್ಯಾಹ್ನ ಅಕಾಲದ ಮಳೆ ಬಂದು ಎಲ್ಲ ತೊಯ್ದುಹೋಯಿತು. ಪೆಟ್ಟಿಗೆಗೆ ಹೋಗಿ ಆರು ಗಂಟೆ ಕೂರಿ. ಹೊರಗೆ ಬಂದರೆ ಬೆಳಿಗ್ಗೆ. ಹರಡಲೇಬೇಡಿ. ಇಡೀ ದಿನ ಹೋಯಿತು, ಅಡಿಕೆ ಉಳಿಯಿತು. ಆದರೆ ಅಂಗಳದಲ್ಲಿ ನೀವೇ ಅಡಿಕೆ ಹರಡಲು ಚಾಪೆ ಹಿಡಿದು ನಿಂತಿರುತ್ತೀರಿ. ಆ 'ನೀವು' ಈ 'ನಿಮ್ಮ' ಮಾತು ಕೇಳಬೇಕಲ್ಲ. ನಮ್ಮನೆಯಲ್ಲಿ ಹೆಂಡತಿ ಮಾತೇ ಕೇಳಲ್ಲ ಈ ಮನುಷ್ಯ.

ಹಾಸ್ಯ ಬೇಕಾದವರು ಇದನ್ನೇ ಹಿಡಿಯಿರಿ. ಎರಡು ಪಾತ್ರ, ಒಂದು ಅಂಗಳ, ಒಂದು ಮೋಡ. ಖರ್ಚೇ ಇಲ್ಲ.

ಮುಂದಕ್ಕೆ ಮಾತ್ರ ಹೋಗುವ ಮಾದರಿ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಅದು ನಿಜಕ್ಕೂ ಇರುವಂಥದ್ದು. ಜಿಪಿಎಸ್ ಉಪಗ್ರಹಗಳ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡು ಮುಂದೆ ಓಡುತ್ತೆ, ಅದನ್ನು ಲೆಕ್ಕದಲ್ಲಿ ಸರಿಮಾಡುತ್ತಾರೆ. ಕಥೆಗೆ ಬೇಕಾದರೆ ಭಾಗವತದ ರೈವತ ರಾಜನೇ ಸಾಕು. ಮಗಳು ರೇವತಿಗೆ ವರ ಕೇಳಲು ಬ್ರಹ್ಮನ ಹತ್ತಿರ ಹೋಗಿ ಒಂದು ಹಾಡು ಮುಗಿಯೋವರೆಗೆ ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿರುತ್ತೆ. ಹಿಡಿಕೆಯೂ ಇಲ್ಲ, ವಾಪಸ್ ಟಿಕೆಟ್ಟೂ ಇಲ್ಲ.

ಯಾವುದೇ ಆದರೂ ಜೊತೆಗೆ ಇಟ್ಟುಕೊಳ್ಳಿ

ಮಳೆಗೆ ಗೊರಬು ಅಥವಾ ಕಂಬಳಿ ಕೊಪ್ಪೆ. ಪ್ಲಾಸ್ಟಿಕ್ ಕೊಡೆ 1950ರಲ್ಲಿ ಕಂಡರೆ ಊರೇ ಸೇರುತ್ತೆ. ವೆಲ್ಸ್ ಕಥೆಯವನು ಭವಿಷ್ಯದಲ್ಲಿ ಇಳಿದದ್ದೇ ಆಲಿಕಲ್ಲು ಮಳೆಯಲ್ಲಿ, ಪೂರ್ತಿ ತೊಯ್ದುಹೋದ. ಆಗುಂಬೆಯಲ್ಲಿ ಇಳಿಯುವವರ ಗತಿ ಕೇಳಲೇಬೇಡಿ.

ಚಿಲ್ಲರೆ. 1957ರ ಏಪ್ರಿಲ್‌ಗಿಂತ ಹಿಂದೆ ಹೋದರೆ ನೂರು ಪೈಸೆಯ ರೂಪಾಯಿ ನಡೆಯಲ್ಲ, ಆಣೆ ಬೇಕು. ಅದೇ 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿಗೆ ಹೋಗುವ ಕಥೆ ಬರೆಯುತ್ತಿದ್ದರೆ ಉಣುಗಿನ ಬಗ್ಗೆ ಎಚ್ಚರ. ಮಂಗನ ಕಾಯಿಲೆಯನ್ನು ಮೊದಲು ಗುರುತಿಸಿದ್ದು ಅಲ್ಲೇ, ಆ ವರ್ಷವೇ. ಸತ್ತ ಮಂಗದ ಹತ್ತಿರ ಪಾತ್ರವನ್ನು ಕಳಿಸಬೇಡಿ, ಕಳಿಸಿದರೆ ವಾಪಸ್ ಬಂದ ಮೇಲೆ ಜ್ವರ ಬರಿಸಿ.

ಕುರ್ಚಿ ಆರಿಸಿದರೆ ದಿನಗಳ ಲೆಕ್ಕ ಮಾಡಿಕೊಳ್ಳಿ. ವೆಲ್ಸ್ ಯಂತ್ರದ ಫಲಕ ಇಸವಿ ತೋರಿಸುವುದಿಲ್ಲ, ದಿನ, ಸಾವಿರ ದಿನ, ಹೀಗೆ ತೋರಿಸುತ್ತೆ. 60 ವರ್ಷ ಅಂದರೆ 21,915 ದಿನ. ಯಂತ್ರದಿಂದ ಇಳಿದು ಹೊರಡುವಾಗ ಹಿಡಿಕೆಗಳನ್ನು ಬಿಚ್ಚಿ ಜೇಬಿಗೆ ಹಾಕಿಕೊಳ್ಳಿ, ಅವನೂ ಹಾಗೇ ಮಾಡಿದ. ಬೈಕಿನ ಕೀಲಿ ಇದ್ದ ಹಾಗೆ.

ಯಂತ್ರ ಸಿಗದವರಿಗೂ ಒಂದು ದಾರಿ ಇದೆ. ಜೋಗದ ವಿದ್ಯುತ್ ಕೇಂದ್ರಕ್ಕೆ ನೀರು ಕೊಡಲು ಕಟ್ಟಿದ ಹಿರೇಭಾಸ್ಕರ ಅಣೆಕಟ್ಟು ಲಿಂಗನಮಕ್ಕಿಯ ನೀರಲ್ಲಿ ಮುಳುಗಿದೆ. ಬೇಸಿಗೆಯಲ್ಲಿ ಹಿನ್ನೀರು ತುಂಬಾ ಇಳಿದ ವರ್ಷ ಅದು ಮೇಲೆ ಬರುತ್ತೆ. ಕೆಸರಲ್ಲಿ ನಡೆದು ಹೋಗಿ ಮುಟ್ಟಬಹುದು. ಚಪ್ಪಲಿ ಕೈಯಲ್ಲಿ ಹಿಡಿದುಕೊಳ್ಳಿ.

ಕೊನೆಗೆ ನಾವು ಎರಡನ್ನೂ ಬಳಸಿದೆವು. ಹುಡುಗಿ ಹೋಗುವುದು ಕುರ್ಚಿಯಲ್ಲಿ. ಉಪಕಾರಕ್ಕೆ ಹೋದವರು ಕುರ್ಚಿಯನ್ನು ಚಾವಡಿಗೆ ತಂದಿಟ್ಟ ಮೇಲೆ ಅದರಲ್ಲಿ ವಾಪಸ್ ಬರುವಂತಿಲ್ಲ. ಆಗ ಟಿಕೆಟ್ ಗೂಡು ಬರುತ್ತೆ. ಯಂತ್ರ ಹೊರಡುವಾಗ ಹೊಗೆ ಬೇಕು ಅಂತ ಹುಡುಗರು ಪರದೆಯ ಹಿಂದೆ ಒದ್ದೆ ಅಡಿಕೆ ಸಿಪ್ಪೆಗೆ ಬೆಂಕಿ ಇಟ್ಟರು. ಹೊಗೆ ರಂಗದ ಮೇಲೆ ಬರುವ ಬದಲು ಮುಂದಿನ ಸಾಲಿಗೆ ಹೋಯಿತು. ಮುಖ್ಯ ಅತಿಥಿಗಳು ಕಣ್ಣು ಒರೆಸಿಕೊಳ್ಳುತ್ತಿದ್ದರು. ಅಜ್ಜಿಯ ದೃಶ್ಯಕ್ಕೆ ಕರಗಿದರು ಅಂತ ನಾನು ಐದು ನಿಮಿಷ ಖುಷಿಪಟ್ಟೆ.

ಗೂಡು ಈಗಲೂ ನಮ್ಮ ಅಡಿಕೆ ಚಪ್ಪರದ ಕೆಳಗಿದೆ. ಆರು ಅಡಿ ಎತ್ತರ, ಮೂರು ಅಡಿ ಅಗಲ, ಒಬ್ಬರೇ ಹೊರಬಹುದು. ನಾಟಕಕ್ಕೆ ಯಾರಿಗಾದರೂ ಬೇಕಾದರೆ ಧಾರಾಳವಾಗಿ ಒಯ್ಯಿರಿ. ಇವತ್ತೇ ಬೇಡ. ಒಳಗೆ ಕೋಳಿ ಕಾವಿಗೆ ಕೂತಿದೆ, 21 ದಿನದಲ್ಲಿ ಇನ್ನೂ ಒಂಬತ್ತು ಬಾಕಿ ಇದೆ.